ಲಾಕಪ್ಪಿನ ಬೀಗ

ಠಾಣೆಯಿಂದ ಕರೆ ಬಂದಾಗಲೆಲ್ಲ ದಸ್ತಗೀರ್ ಕೇಳುತ್ತಿದ್ದದ್ದು ಒಂದೇ ಮಾತು.

"ಅರ ತರಲಾ, ಬೇಡವಾ?"

ಕಬ್ಬಿಣ ಉಜ್ಜುವ ಅರ ತಾ ಅಂದರೆ ಬಿಟ್ಟಿ ಕೆಲಸ. ಕೈಕೋಳದ ಸ್ಪ್ರಿಂಗು ಹೋಗಿರುತ್ತದೆ, ಬಂದೂಕಿನ ಪೆಟ್ಟಿಗೆಯ ಬೀಗ ಕಚ್ಚಿಕೊಂಡಿರುತ್ತದೆ, ಇಲ್ಲವೇ ಇನ್‌ಸ್ಪೆಕ್ಟರ ಮನೆಯ ಹಂಡೆ ಸೋರುತ್ತಿರುತ್ತದೆ. ಬೇಡ ಅಂದರೆ ಊರಲ್ಲೆಲ್ಲೋ ಕಳವಾಗಿದೆ. ಬೀಗ ಮುರಿದು ಕದ್ದಿದ್ದರೆ ಪೊಲೀಸರು ಬೇರೆ ಕಡೆ ಹೋಗುತ್ತಿದ್ದರು. ಮುರಿಯದೆ ತೆಗೆದು ಕದ್ದಿದ್ದರೆ ಮಂಡ್ಯದಲ್ಲಿ ಅವರಿಗೆ ದಾರಿ ಗೊತ್ತಿದ್ದದ್ದು ಒಂದೇ ಅಂಗಡಿಗೆ, ಬೀಗ ರಿಪೇರಿಯ ದಸ್ತಗೀರನದಕ್ಕೆ. ಅಂಗಡಿ ಅಂದರೆ ಕೆಳಗೊಂದು ಗೋಣಿತಾಟು, ಮೇಲೊಂದು ತಗಡು, ಹಿಂದೊಂದು ಗೋಡೆ. ಗೋಡೆ ಬೇರೆಯವರದು.

ಇಪ್ಪತ್ತೆರಡು ವರ್ಷದಿಂದ ಹೀಗೆ. ಅರ ತಂದ ದಿನ ಸಂಜೆಯವರೆಗೆ ಬಗ್ಗಿ ಕೆಲಸ. ತರದ ದಿನ ಸಂಜೆಯವರೆಗೆ ಕೂತು ಕೆಲಸ. ಕೂರುವುದೂ ಒಂದು ಕೆಲಸವೇ. ಠಾಣೆಯ ನೆಲದ ಮೇಲೆ ಕೂತವನಿಗೆ ಅದು ಗೊತ್ತು. ಯಾರು ಬಂದರೂ ಏಳಬೇಕು, ಯಾರು ಹೋದರೂ ಏಳಬೇಕು, ನಡುವೆ ಯಾರಾದರೂ ಬೈದರೆ ನಗಬೇಕು.

ಹೊಸದಾಗಿ ಬಂದ ಪ್ರತಿ ಪೇದೆಯೂ ಮೊದಲ ವಾರದಲ್ಲೇ ಒಂದು ತಮಾಷೆ ಕಂಡುಹಿಡಿಯುತ್ತಿದ್ದ. "ದಸ್ತಗೀರನ್ನ ದಸ್ತಗಿರಿ ಮಾಡ್ಕೊಂಡು ಬನ್ರೋ!" ಪ್ರಪಂಚದಲ್ಲಿ ಆ ಮಾತು ತನಗೇ ಮೊದಲು ಹೊಳೆದದ್ದು ಎಂಬಂತೆ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದ. ದಸ್ತಗೀರನೂ ನಗುತ್ತಿದ್ದ. ನಗದಿದ್ದರೆ ಇನ್ನೊಮ್ಮೆ ಹೇಳುತ್ತಿದ್ದರು.

ಯುದ್ಧ ನಡೆಯುತ್ತಿದ್ದ ಕಾಲ. ಕಲಾಯಿಗೆ ತವರ ಸಿಗುತ್ತಿರಲಿಲ್ಲ, ಸೀಮೆಎಣ್ಣೆ ಸಿಗುತ್ತಿರಲಿಲ್ಲ. ಊರವರು ಬೇವಿನಮರದ ಠಾಣೆ ಎನ್ನುತ್ತಿದ್ದ ಆ ಠಾಣೆಯ ಕರೆ ಮಾತ್ರ ತಪ್ಪದೆ ಸಿಗುತ್ತಿತ್ತು. ಅವತ್ತು ಬೆಳಿಗ್ಗೆ ಮನೆಗೇ ಕರೆಯಲು ಬಂದವನು ದಫೇದಾರ್ ಮಹದೇವಯ್ಯ. ಇವನೂ ಆ ಠಾಣೆಯಲ್ಲಿ ಇಪ್ಪತ್ತು ವರ್ಷ ಕಳೆದವನೇ. ಬೈಯುವುದನ್ನು ಕೂಡ ಅರ್ಧ ನಿದ್ದೆಯಲ್ಲಿ ಮಾಡುವ ಮನುಷ್ಯ.

"ಅರ ತರಲಾ, ಬೇಡವಾ?"

ಮಹದೇವಯ್ಯ ಪೇಟದೊಳಗೆ ಬೆರಳು ತೂರಿಸಿ ತಲೆ ಕೆರೆದುಕೊಂಡ. "ತಕಂಡೇ ಬಾ ಕಣ್ಲಾ. ಇವತ್ತು ಎಲ್ಡೂ ಐತೆ."

ಒಳಗಿನಿಂದ ಹೆಂಡತಿ ಮಹಬೂಬ್ ಬೀ, "ರೊಟ್ಟಿ ತಿಂದು ಹೋಗಿ" ಅಂದಳು. "ಅಲ್ಲಿ ಏನು ಕೊಡ್ತಾರೆ ಅಂತ ಗೊತ್ತಿಲ್ವಾ?"

ಮಹದೇವಯ್ಯನೇ ಹೊಸಿಲ ಮೇಲೆ ಕೂತ. "ತಿನ್ಲಿ ಬುಡವ್ವ. ಸಾಹೇಬ್ರು ಇನ್ನೂ ಪುಸ್ತಕ ಓದ್ತಾ ಅವ್ರೆ."

*

ಇನ್‌ಸ್ಪೆಕ್ಟರಿಗೆ ಪುಸ್ತಕದ ಹುಚ್ಚು. ಪಟ್ಟಣಗಳಲ್ಲಿ ನಡೆಯುವ ಅಪರಾಧಗಳ ಮೇಲೆ ಬರೆದ ದಪ್ಪ ಇಂಗ್ಲಿಷ್ ಪುಸ್ತಕಗಳನ್ನು ತರಿಸಿ ಓದುತ್ತಿದ್ದರು. ಲಂಡನ್ನಿನ ಕಳ್ಳ ಹೇಗೆ ನಡೆಯುತ್ತಾನೆ, ಲಂಡನ್ನಿನ ಕಳ್ಳ ಯಾವ ಕೈಯಲ್ಲಿ ಬೀಗ ತೆಗೆಯುತ್ತಾನೆ, ಎಲ್ಲಾ ಬಾಯಿಪಾಠ. ಮಂಡ್ಯದಲ್ಲಿ ಕೋಳಿ ಕದ್ದವನೂ ಅವರ ಮುಂದೆ ನಿಂತರೆ ಲಂಡನ್ನಿನ ಲೆಕ್ಕದಲ್ಲೇ ಮಾತು ಕೇಳಬೇಕು. ಮೇಜಿನ ಮೇಲೆ ಯಾವಾಗಲೂ ಎರಡು ಪುಸ್ತಕ. ಒಂದು ಇಂಗ್ಲಿಷಿನದು. ಇನ್ನೊಂದು ಕೆಂಪು ಬಟ್ಟೆಯ ರಟ್ಟಿನದು, ಕೇಡಿ ಪುಸ್ತಕ. ಅದರಲ್ಲಿ ಹೆಸರು ಬಿದ್ದವನು ದಿನಾ ಸಂಜೆ ಠಾಣೆಗೆ ಬಂದು ರುಜು ಹಾಕಬೇಕು. ಮದ್ದೂರಿಗೆ ಹೋಗಬೇಕಾದರೂ ಅಪ್ಪಣೆ ಕೇಳಬೇಕು.

ಆ ಪುಸ್ತಕದಲ್ಲಿ ತನ್ನ ಹೆಸರು ಬೀಳದ ಹಾಗೆ ದಸ್ತಗೀರ್ ಇಪ್ಪತ್ತೆರಡು ವರ್ಷ ನಕ್ಕಿದ್ದ, ಎದ್ದು ನಿಂತಿದ್ದ, ಹಂಡೆ ಬೆಸೆದಿದ್ದ. ಬೀಗದವನ ಬದುಕು ನಂಬಿಕೆಯ ಮೇಲೆ. ಕೇಡಿ ಪುಸ್ತಕದವನ ಕೈಗೆ ಮನೆಯ ಬೀಗದಕೈ ಯಾರು ಕೊಡುತ್ತಾರೆ?

ಠಾಣೆಯ ಒಳಗೆ ಕಾಲಿಟ್ಟಾಗ ಮೊದಲು ಕಂಡದ್ದು ಲಾಕಪ್ಪಿನ ಬಾಗಿಲು. ಕಬ್ಬಿಣದ ಸರಳಿನ ಬಾಗಿಲಿಗೆ ತೆಂಗಿನ ನಾರಿನ ಹಗ್ಗ ಸುತ್ತಿ ಕಟ್ಟಿದ್ದರು. ಹೋರಿ ಕಟ್ಟಿದ ಹಾಗೆ. ಬೀಗದ ನಾಲಗೆ ಹೊರಕ್ಕೆ ಬರದೆ ಒಳಗೇ ಕೂತಿತ್ತು.

"ನೋಡ್ಲಾ, ಇದು ಮೊದ್ಲು" ಅಂದ ಮಹದೇವಯ್ಯ. "ರಾತ್ರಿಯಿಂದ ಕಚ್ಕಂಡೈತೆ. ಒಳ್ಗೆ ಕೈದಿ ಮಡಿಕಂಡು ಹಗ್ಗ ಕಟ್ಟೋದಂದ್ರೆ ಮೇಲಿನೋರು ಬಂದ್ರೆ ನನ್ ನೌಕ್ರಿ ಹೋಯ್ತದೆ."

ಒಳಗೆ ಗೋಡೆಗೆ ಒರಗಿ ಒಬ್ಬ ಹೆಂಗಸು ಕೂತಿದ್ದಳು. ನಲವತ್ತರ ಮೇಲಿನ ವಯಸ್ಸು. ಸೀರೆಯ ಅಂಚಿಗೆ ಮೋರಿಯ ಕೆಸರು ಒಣಗಿ ಹತ್ತಿತ್ತು. ಒಂದು ಕಣ್ಣು ಊದಿ ಮುಚ್ಚಿತ್ತು. ದಸ್ತಗೀರ್ ಅವಳನ್ನು ಬಲ್ಲ. ಹೊಲಗೇರಿಯ ಚಿಕ್ಕಬೋರಮ್ಮ. ಪೇಟೆಯ ದೊಡ್ಡ ಮನೆಗಳ ಹಿತ್ತಲು, ಬಚ್ಚಲ ಮೋರಿ ಬಳಿಯುವವಳು. ಅವನ ಅಂಗಡಿಯ ಹಿಂದಿನ ಓಣಿಯಲ್ಲಿ ದಿನಾ ಪೊರಕೆ ಹೊತ್ತು ಹೋಗುತ್ತಿದ್ದಳು.

"ಏನ್ ಸಾಬ್ರೇ, ನೀವೂ ಬಂದ್ರಾ?" ಅಂದಳು. "ಬನ್ನಿ ಬನ್ನಿ. ಜಾಗ ಐತೆ."

ದಸ್ತಗೀರ್ ಅರ ಕೈಗೆ ತೆಗೆದುಕೊಳ್ಳುವಷ್ಟರಲ್ಲಿ ಒಳಗಿನಿಂದ ಇನ್‌ಸ್ಪೆಕ್ಟರು ಕೂಗಿದರು. ಬೀಗ ಹಾಗೆಯೇ ಉಳಿಯಿತು.

*

ಮೇಜಿನ ಮೇಲೆ ಒಂದು ಹಿತ್ತಾಳೆ ಬೀಗದಕೈ ಇತ್ತು.

ಕಂಡ ಕೂಡಲೇ ದಸ್ತಗೀರ್ ಅದರ ಮೇಲಿನ ಗೀರುಗಳನ್ನು ಎಣಿಸಿದ. ಮೂರು. ತಾನು ಮಾಡಿದ ಪ್ರತಿ ಬೀಗದಕೈಯ ಹಿಡಿಯ ಬಳೆಯ ಮೇಲೆ ಅವನು ಮೂರು ಸಣ್ಣ ಗೀರು ಹಾಕುತ್ತಿದ್ದ. ಅವನ ತಂದೆಯೂ ಹಾಕುತ್ತಿದ್ದರು. ನನ್ನ ಕೆಲಸ ನನ್ನದು ಎಂದು ಹೇಳಿಕೊಳ್ಳಲು ಬಡವನಿಗೆ ಇರುವುದು ಅಷ್ಟೇ ಜಾಗ.

"ನಿನ್ನದೇ ಅಲ್ವೇನೋ?" ಇನ್‌ಸ್ಪೆಕ್ಟರ ದನಿ ಮೆತ್ತಗೆ. ಅವರು ಕೂಗುವವರಲ್ಲ. "ಸುಳ್ಳು ಹೇಳಬೇಡ. ಕಾನೂನು ಅಂತ ಒಂದಿದೆ."

"ನಂದೇ ಸ್ವಾಮಿ."

"ಶಿರಸ್ತೇದಾರ್ ಶ್ಯಾಮಣ್ಣನವರ ಮನೆಯ ಪೆಟ್ಟಿಗೆಯದು. ಅವರ ಹೆಂಡತಿ ಪಂಕಜಮ್ಮನವರ ಒಡ್ಯಾಣ ಹೋಗಿದೆ. ಬೀಗ ಮುರಿದಿಲ್ಲ. ಈ ಕೈ ಆ ಹೆಂಗಸಿನ ಗುಡಿಸಲಿನ ಸೂರಿನಲ್ಲಿ ಸಿಕ್ಕಿದೆ." ಒಂದು ಕಾಗದ ತಳ್ಳಿದರು. "ಬರೆದಿದೆ, ಕೇಳು. ಚಿಕ್ಕಬೋರಮ್ಮ ಎಂಬುವಳು ಮೇಣದಲ್ಲಿ ಅಚ್ಚು ತೆಗೆದುಕೊಂಡು ನನ್ನ ಅಂಗಡಿಗೆ ಬಂದಳು. ಯಜಮಾನರು ಕಳಿಸಿದ್ದಾರೆ ಎಂದಳು. ನಂಬಿ ಮಾಡಿಕೊಟ್ಟೆ. ಅಷ್ಟೇ. ಹೆಬ್ಬೆಟ್ಟು ಒತ್ತು, ಮನೆಗೆ ಹೋಗು. ನೀನು ಸಾಕ್ಷಿ, ಆರೋಪಿಯಲ್ಲ."

ದಸ್ತಗೀರ್ ಬೀಗದಕೈ ಎತ್ತಿಕೊಂಡು ತಿರುಗಿಸಿದ. ಹೊಳೆಯುತ್ತಿತ್ತು. ಗುಡಿಸಲಿನ ಸೂರಿನಲ್ಲಿ ಒಂದು ದಿನ ಇದ್ದರೂ ಒಲೆಯ ಮಸಿ ಹಿಡಿಯಬೇಕಿತ್ತು. ಇದಕ್ಕೆ ಗಂಧದ ವಾಸನೆ ಇತ್ತು.

ಈ ಕೈಯನ್ನು ಮಾಡಿಸಿಕೊಂಡು ಹೋದವನು ಶ್ಯಾಮಣ್ಣನವರ ಮಗ ಸಂಪತ್ ಕುಮಾರ. ಆಗ ಗೌರಿ ಹಬ್ಬಕ್ಕೆ ಹತ್ತು ದಿನ ಇತ್ತು. ಮೈಸೂರಿನಲ್ಲಿ ಓದುವ ಹುಡುಗ, ಹಬ್ಬಕ್ಕೆ ಊರಿಗೆ ಬಂದಿದ್ದ. ಮೂಲ ಕೈಯನ್ನೇ ತಂದಿದ್ದ, ಮೇಣವಲ್ಲ. "ಅಪ್ಪ ಕಳಿಸಿದ್ರು" ಅಂದ. ಹಿರಿಯರು ಎದುರಿಗೆ ಬರದೆ ಹುಡುಗರಿಗೆ ಬೀಗದಕೈ ಮಾಡಿಕೊಡುವುದಿಲ್ಲ ಎಂಬುದು ದಸ್ತಗೀರನ ಕಟ್ಟುಪಾಡು. ತನ್ನ ಜಾತಿಯ ಹುಡುಗನಾಗಿದ್ದರೆ ಕಿವಿ ಹಿಂಡಿ ಕಳಿಸುತ್ತಿದ್ದ. ಆದರೆ ಶಿರಸ್ತೇದಾರರ ಮಗನಿಗೆ "ಹೋಗಿ ನಿಮ್ಮಪ್ಪನ್ನ ಕರ್ಕೊಂಡು ಬಾ" ಅನ್ನಲು ಅವನಿಗೆ ಬಾಯಿ ಬರಲಿಲ್ಲ. ತಪ್ಪು ಅಲ್ಲಿತ್ತು. ಬೀಗದಲ್ಲಲ್ಲ, ಬಾಯಲ್ಲಿ.

ಇವತ್ತೂ ಅದೇ ಬಾಯಿ. ಅದೇ ನಾಲಗೆ. ಲಾಕಪ್ಪಿನ ಬೀಗದ ನಾಲಗೆಯ ಹಾಗೆ ಹೊರಕ್ಕೆ ಬರಲೊಲ್ಲದು.

"ಸ್ವಾಮಿ" ಅಂದ ಕೊನೆಗೆ. "ಇದು ನಾನು ಮಾಡ್ಕೊಟ್ಟಿದ್ದು ಸಂಪತ್ ಕುಮಾರ್ ಸ್ವಾಮಿಗಳಿಗೆ. ಆಯಮ್ಮನಿಗಲ್ಲ."

ಏಟು ಬಿದ್ದದ್ದು ಮಹದೇವಯ್ಯನ ಕೈಯಿಂದ. ಇನ್‌ಸ್ಪೆಕ್ಟರು ಕಣ್ಣು ತೋರಿಸಿದ್ದರು ಅಷ್ಟೇ. ದಸ್ತಗೀರನ ಟೋಪಿ ಉರುಳಿ ಕಸದ ಬುಟ್ಟಿಯ ಹತ್ತಿರ ಹೋಯಿತು. ಮಹದೇವಯ್ಯನೇ ಅದನ್ನು ಎತ್ತಿ, ಧೂಳು ಕೊಡವಿ, ಅವನ ಕೈಗೆ ಕೊಟ್ಟ. ಏಟೂ ಡ್ಯೂಟಿ, ಟೋಪಿಯೂ ಡ್ಯೂಟಿ ಎಂಬ ಮುಖ.

"ಲಂಡನ್ನಿನಲ್ಲಿ" ಇನ್‌ಸ್ಪೆಕ್ಟರು ಇಂಗ್ಲಿಷ್ ಪುಸ್ತಕದ ಮೇಲೆ ಕೈಯಿಟ್ಟರು, "ಬೀಗದವನು ಮತ್ತು ಮನೆಗೆಲಸದವಳು ಸೇರಿಯೇ ಕಳವು ಮಾಡೋದು. ಮನೆಯ ಮಗನ ಹೆಸರು ಹೇಳೋದು ಹಳೇ ಆಟ. ಬೀಗದಕೈ ನಿನ್ನದು. ಇವಳಿಗೆ ಮಾಡಿಕೊಟ್ಟೆ ಅಂದರೆ ಸಾಕ್ಷಿ. ಇಲ್ಲಾ ಅಂದರೆ" ಪುಸ್ತಕದ ಮೇಲಿದ್ದ ಕೈ ಎತ್ತಿ ಕೆಂಪು ಪುಸ್ತಕದ ಮೇಲೆ ಇಟ್ಟರು, "ಇದು."

ಅಷ್ಟು ಹೊತ್ತಿಗೆ ಲಾಕಪ್ಪಿನಿಂದ ದನಿ ಬಂತು. ಎತ್ತರದ ದನಿಯಲ್ಲ. ಹಿತ್ತಲ ಬಾಗಿಲಾಚೆ ನಿಂತು ಅನ್ನ ಕೇಳುವ ದನಿ, ಅಭ್ಯಾಸವಾದದ್ದು.

"ಬುದ್ದೀ, ನಂದೊಂದು ಮಾತು. ಆ ಪೆಟ್ಗೆ ಎಲ್ಲಿರದು?"

"ದೇವರ ಮನೆಯ ಪಕ್ಕದ ಕೋಣೆಯಲ್ಲಿ. ಗೊತ್ತಿಲ್ಲದವಳ ಹಾಗೆ ಕೇಳಬೇಡ."

"ದ್ಯಾವ್ರ ಮನೆ ಪಕ್ಕಕ್ಕೆ ನಾನು ಓಗಿದ್ನಾ? ಹದಿನೆಂಟು ವರ್ಸ ಆಯ್ತು ಬುದ್ದಿ, ಆ ಮನೆ ಹಿತ್ಲು ಬಳಿಯಾಕೆ ಹಿಡ್ದು. ಮೆಟ್ಲು ಎಷ್ಟವೆ ಅಂತ ನಂಗೆ ಗೊತ್ತಿಲ್ಲ. ನನ್ ನೆಳ್ಳು ಬಾವಿ ಕಟ್ಟೆ ಮ್ಯಾಲೆ ಬಿತ್ತು ಅಂತ ಅಮ್ನೋರು ಒಂದ್ಸಲ ಕಟ್ಟೆನೇ ತೊಳ್ಸಿದ್ರು. ನಾನು ಒಳೀಕೆ ಓಗಿ ಪೆಟ್ಗೆ ಮುಟ್ಟಿದ್ರೆ ಅವ್ರು ಮನೆ ಸುದ್ಧಿ ಮಾಡಿಸ್ಬೇಕಿತ್ತಲ್ಲ? ಒಡ್ಯಾಣ ಹೋಗಿ ನಾಕು ದಿನ ಆಯ್ತು. ಮಾಡ್ಸಿದ್ರಾ? ಕೇಳಿ."

ಮಹದೇವಯ್ಯ ತಲೆ ಕೆರೆಯುವುದನ್ನು ನಿಲ್ಲಿಸಿದ. ಪೇದೆಯೊಬ್ಬ ಬೀಡಿ ಹಚ್ಚಲು ಹೋಗಿ ಕಡ್ಡಿ ಆರುವವರೆಗೆ ಹಿಡಿದುಕೊಂಡೇ ನಿಂತ. ಆ ಮನೆಯಲ್ಲಿ ಬೆಕ್ಕು ಅಡ್ಡ ಬಂದರೂ ಪಂಚಗವ್ಯ ಎಂಬುದು ಊರಿಗೆಲ್ಲ ಗೊತ್ತು. ಹೊಲಗೇರಿಯವಳು ದೇವರ ಮನೆಯ ಗೋಡೆ ಸವರಿಕೊಂಡು ಹೋಗಿದ್ದಾಳೆ ಎಂದು ದೂರು ಬರೆಸಿದವರು ನಾಲ್ಕು ದಿನದಿಂದ ಅದೇ ಮನೆಯಲ್ಲಿ ಮಡಿಯುಟ್ಟು ಊಟ ಮಾಡುತ್ತಿದ್ದರು. ಅಂದರೆ ಅವಳು ಒಳಗೆ ಬಂದಿಲ್ಲ ಎಂದು ಅವರಿಗೆ ಚೆನ್ನಾಗಿ ಗೊತ್ತಿತ್ತು.

ಲಂಡನ್ನಿನ ಪುಸ್ತಕ ಮೇಜಿನ ಅಂಚಿಗೆ ಸರಿಯಿತು. ಇನ್‌ಸ್ಪೆಕ್ಟರು ಕನ್ನಡಕ ತೆಗೆದು ಒರೆಸಿದರು. ಒಂದು ಚೀಟಿ ಬರೆದು ಮಹದೇವಯ್ಯನ ಕೈಗೆ ಕೊಟ್ಟರು. "ಶ್ಯಾಮಣ್ಣನವರಿಗೆ ಕೊಟ್ಟು ಬಾ."

*

ಬಿಸಿಲು ಏರಿತು. ದಸ್ತಗೀರ್ ಲಾಕಪ್ಪಿನ ಪಕ್ಕ ನೆಲದ ಮೇಲೆ ಕೂತ. ಒಳಗೆ ಅವಳು, ಹೊರಗೆ ಇವನು, ನಡುವೆ ಹಗ್ಗ. ಬ್ಲಫ್ಫಿನ ವಿದ್ಯುತ್ ಕೇಂದ್ರದಿಂದ ಬಂದ ಕರೆಂಟಿನ ಬಲ್ಬು ಹಗಲಲ್ಲೂ ಉರಿಯುತ್ತಿತ್ತು. ಆರಿಸುವುದು ಯಾರ ಕೆಲಸ ಎಂದು ತೀರ್ಮಾನವಾಗಿರಲಿಲ್ಲ.

"ಕಣ್ಣು ನೋಯ್ತದಾ?" ಅಂದ.

"ಒಂದೇ ತಾನೇ ಊದಿರದು. ಇನ್ನೊಂದರಾಗೆ ಕಾಣ್ತದೆ." ಅವಳು ಗಂಟಲು ಸರಿಮಾಡಿಕೊಂಡಳು. ಎದೆ ಸೆಟೆಸಿ, ಮೂಗಿನ ಮೇಲೆ ಇಲ್ಲದ ಕನ್ನಡಕ ಏರಿಸಿ, ಮೆತ್ತಗೆ ಶುರುಮಾಡಿದಳು. "ಲಂಡನ್ನಿನಲ್ಲೀ... ಕಾನೂನು ಅಂತ ಒಂದಿದೇ..." ಅದೇ ರಾಗ, ಅದೇ ಕೊನೆಗೆ ಬೀಳುವ ನಿಟ್ಟುಸಿರು. ಬೀಡಿಯ ಪೇದೆ ಮುಖ ಆಚೆ ತಿರುಗಿಸಿ ಭುಜ ಕುಲುಕಿಸಿದ. ಅವಳು ಅಷ್ಟಕ್ಕೆ ಬಿಡಲಿಲ್ಲ. ಸೆರಗು ಬಿಗಿದು, ಎರಡು ಬೆರಳಲ್ಲಿ ಮೂಗು ಹಿಡಿದು ಪಂಕಜಮ್ಮನಾದಳು. "ಏ ಬೋರೀ, ಅಲ್ಲೇ ನಿಲ್ಲೇ! ಇನ್ನೂ ಅತ್ಲಾಗೆ! ಇನ್ನೂ! ಗಾಳಿ ಇತ್ಲಾಗೆ ಬೀಸ್ತಿದೆ ಕಣೇ!"

ದಸ್ತಗೀರನಿಗೆ ನಗು ಬಂತು. ಬೆಳಗಿನಿಂದ ಅವನು ನಕ್ಕ ಮೊದಲ ನಿಜವಾದ ನಗು. ಏಟು ಬಿದ್ದ ದವಡೆ ನೋಯಿತು.

"ಲಂಡನ್ನಾಗೆ ಹಿತ್ಲು ಯಾರು ಬಳೀತಾರೆ ಸಾಬ್ರೇ?"

"ನನಗೇನು ಗೊತ್ತಮ್ಮ."

"ಯಾರೋ ಒಬ್ಳು ಬೋರಿ ಇರ್ತಾಳೆ ಬುಡಿ."

ಆಮೇಲೆ ಅವಳು ಬೇರೆ ದನಿಯಲ್ಲಿ ಅಂದಳು. ಯಾರದೂ ಅಲ್ಲದ, ತನ್ನದೇ ದನಿ. "ಒತ್ಬುಡಿ ಸಾಬ್ರೇ. ನಿಮ್ಗೂ ಮಗ್ಳವ್ಳೆ. ಆ ಕೆಂಪು ಪುಸ್ತಕ್ದಾಗೆ ಬಿದ್ರೆ ಅವ್ಳನ್ನ ಯಾರು ಕೊಂಡೋಯ್ತಾರೆ? ನಂಗೇನು? ಜೈಲಲ್ಲಿ ಮುದ್ದೆ ಹಾಕ್ತಾರಂತೆ, ಮ್ಯಾಲಿಂದ ಎಸ್ಯಲ್ವಂತೆ, ತಟ್ಟೆಗೆ ಹಾಕ್ತಾರಂತೆ. ಬೇಸರಿಕೆ ಬಂದೋಗದೆ. ಯಾರ್ಗೂ ಬಾಯಿ ಬಿಟ್ಟು ಏನೂ ಯೋಳಂಗಿಲ್ದೆ ಒಂದ್ಕಡೆ ಬಿದ್ಕಂಡ್ರೆ ಸಾಕು ಅನ್ಸೋಗದೆ."

ದಸ್ತಗೀರನಿಗೂ ಅದೇ ಅನಿಸಿತ್ತು. ಒತ್ತಿ ಮನೆಗೆ ಹೋಗಿ ಮಲಗಿಬಿಡಬೇಕು ಎಂದು. ಮಗಳು ಶಮೀಮ್ ಬಾನು ಹದಿನಾರು ದಾಟಿದ್ದಳು. ಚಿಕ್ಕಬೋರಮ್ಮ ಹೇಳಿದ ಮಾತು ಸುಳ್ಳಲ್ಲ. ಅವಳೇ ಹೇಳಿದ್ದು ಮಾತ್ರ ತಡೆಯಲಾಗಲಿಲ್ಲ. ಮುಳುಗುವವಳು ದಡದಲ್ಲಿ ನಿಂತವನಿಗೆ ಪಂಚೆ ಒದ್ದೆಯಾದೀತು ಅನ್ನುವ ಹಾಗೆ.

ಮಹದೇವಯ್ಯ ಬಂದಾಗ ಸೂರ್ಯ ನೆತ್ತಿಯಿಂದ ಇಳಿದಿದ್ದ. ಹಣೆಯಲ್ಲಿ ಹೊಸ ಕುಂಕುಮ. ಕೈಯಲ್ಲಿ ಬಾಳೆಲೆಯ ಪೊಟ್ಟಣ. ಮೈಯೆಲ್ಲ ಹೋಮದ ಹೊಗೆಯ ವಾಸನೆ.

"ಆಯ್ತು ಸಾಹೇಬ್ರೇ" ಅಂದ. "ಚೀಟಿ ಓದುದ್ರು, ಪುರೋಯಿತ್ರನ್ನ ಕರ್ಸುದ್ರು, ಪುಣ್ಯಾಹ ಮಾಡಿಸ್ಬುಟ್ರು. ಇಡೀ ಮನೆಗೆ ಗಂಜ್ಲ. ಆ ಪೆಟ್ಗೆಗೆ ಎಲ್ಡು ಸಲ."

"ಒಳ್ಳೇದು" ಅಂದರು ಇನ್‌ಸ್ಪೆಕ್ಟರು. ಕನ್ನಡಕ ಹಾಕಿಕೊಂಡು ಬರೆಯತೊಡಗಿದರು. ಬರೆಯುವಾಗ ಗಟ್ಟಿಯಾಗಿ ಓದುವ ಅಭ್ಯಾಸ. "ಆರೋಪಿಯು ಮನೆಯ ಒಳಗೆ ಪ್ರವೇಶಿಸಿದ ಕಾರಣ ಮನೆಯವರು ಶುದ್ಧಿಕರ್ಮ ಮಾಡಿಸಬೇಕಾಗಿ ಬಂದಿರುತ್ತದೆ. ಇದರಿಂದ ಪ್ರವೇಶವು ಸಾಬೀತಾಗುತ್ತದೆ."

ಹದಿನೆಂಟು ವರ್ಷ ಹಿತ್ತಲಾಚೆ ನಿಂತವಳು ಲಾಕಪ್ಪಿನಲ್ಲಿ ಕೂತಿದ್ದಂತೆಯೇ ಆ ಮನೆಯ ದೇವರ ಕೋಣೆಯವರೆಗೂ ಹೋಗಿ ಬಂದಿದ್ದಳು. ಕರೆದುಕೊಂಡು ಹೋದದ್ದು ಒಂದು ಚೊಂಬು ಗಂಜಳ.

ಚಿಕ್ಕಬೋರಮ್ಮ ಈ ಸಲ ಯಾರ ದನಿಯನ್ನೂ ಮಾಡಲಿಲ್ಲ. ಗೋಡೆಯ ಕಡೆ ತಿರುಗಿ ಮಲಗಿದಳು.

*

"ಹೆಬ್ಬೆಟ್ಟು" ಅಂದರು ಇನ್‌ಸ್ಪೆಕ್ಟರು.

ಮಹದೇವಯ್ಯ ದಸ್ತಗೀರನ ಎಡಗೈ ಹಿಡಿದೆಳೆದ. ಮಸಿಗೆ ಅದ್ದಿದ. ಕಾಗದಕ್ಕೆ ಒತ್ತಿದ. ದಸ್ತಗೀರ್ ಕೈ ಬಿಗಿ ಹಿಡಿದ. ಆದರೆ ಬಂಡಿಗೆ ಎತ್ತು ಹೂಡಿ ಬೆಳೆದವನ ಹಿಡಿತ ಮಹದೇವಯ್ಯನದು. ಬೆರಳು ಕಾಗದಕ್ಕೆ ತಗುಲಿಯೇ ತಗುಲಿತು.

ಇನ್‌ಸ್ಪೆಕ್ಟರು ಬಗ್ಗಿ ನೋಡಿದರು. ಕಾಗದದ ಮೇಲೆ ಕಪ್ಪನೆಯ ಒಂದು ಮಚ್ಚೆ. ಹಲಸಿನ ಬೀಜದ ಹಾಗೆ. ಅದರೊಳಗೆ ಒಂದು ಗೆರೆ ಇಲ್ಲ, ಒಂದು ಸುಳಿ ಇಲ್ಲ.

"ಮಸಿ ಜಾಸ್ತಿಯಾಯ್ತು. ಒರೆಸಿ ಒತ್ತಿಸು."

ಇನ್ನೊಂದು ಮಚ್ಚೆ. ಸೋಪು ಹಾಕಿ ತೊಳೆಸಿದರು. ಮತ್ತೊಂದು ಮಚ್ಚೆ. ಬಲಗೈಯದು ಒತ್ತಿಸಿದರು. ಹತ್ತು ಬೆರಳನ್ನೂ ಒತ್ತಿಸಿದರು. ಕಾಗದದ ತುಂಬ ಹಲಸಿನ ಬೀಜ ಹರಡಿದ ಹಾಗಾಯಿತು. ಯಾರ ಬೆರಳು ಎಂದು ಯಾವ ಕೋರ್ಟೂ ಹೇಳಲಾರದು.

"ರೇಖೆ ಎಲ್ಲೋ?" ಇನ್‌ಸ್ಪೆಕ್ಟರ ದನಿ ಮೊದಲ ಬಾರಿಗೆ ಏರಿತು. "ಬೇಕೂಂತ ಸವೆಸಿಕೊಂಡಿದ್ದೀಯ! ಇಂಥದ್ದು ನಾನು ಪುಸ್ತಕದಲ್ಲಿ ಓದಿದ್ದೇನೆ. ದೊಡ್ಡ ಪಟ್ಟಣಗಳ ಪಳಗಿದ ಕಳ್ಳರು ಹೀಗೇ ಮಾಡ್ತಾರೆ. ಆ ಪೆಟ್ಟಿಗೆಯ ಮೇಲೂ ಬೆರಳ ಗುರುತಿರಲಿಲ್ಲ. ಈಗ ಗೊತ್ತಾಯ್ತು!"

ದಸ್ತಗೀರ್ ತನ್ನ ಕೈಗಳನ್ನು ನೋಡಿಕೊಂಡ. ಮಸಿ ಮೆತ್ತಿದ ಬೆರಳುಗಳು ಬೇರೆ ಯಾರದೋ ಎಂಬಂತೆ ಕಂಡವು. ಹನ್ನೊಂದನೇ ವಯಸ್ಸಿನಿಂದ ಅರ ಹಿಡಿದ ಬೆರಳು. ಕಲಾಯಿಗೆ ಮೊದಲು ಬೂದಿ, ಮರಳು ಹಾಕಿ ಪಾತ್ರೆ ತಿಕ್ಕಿದ ಬೆರಳು. ನವಸಾಗರದ ಹೊಗೆಯಲ್ಲಿ ಬೆಂದ, ತೇಜಾಬಿನ ಆಮ್ಲಕ್ಕೆ ಸುಟ್ಟ ಬೆರಳು. ಬಿಸಿ ತಾಗಿದರೆ ಈಗ ಗೊತ್ತೂ ಆಗುತ್ತಿರಲಿಲ್ಲ.

"ನಿಮ್ಮ ಮನೆಯಲ್ಲಿದೆ ಸ್ವಾಮಿ" ಅಂದ.

"ಏನು?"

"ರೇಖೆ. ಈ ಹೊರಗಿನ ಬೀಗದಲ್ಲಿದೆ, ಕೈಕೋಳದಲ್ಲಿದೆ. ನಿಮ್ಮ ಮನೆ ಹಂಡೆಯಲ್ಲಿದೆ. ಶ್ಯಾಮಣ್ಣೋರ ಮನೆ ಪಾತ್ರೆಗೆಲ್ಲ ವರ್ಷಕ್ಕೆರಡು ಸಲ ಕಲಾಯಿ ಹಾಕಿದ್ದೀನಿ, ಅಲ್ಲಿದೆ. ಎಲ್ಲಾ ತಿಕ್ಕಿ ಕೊಟ್ಬಿಟ್ಟಿದ್ದೀನಿ. ನನ್ನ ಹತ್ರ ಉಳಿದಿಲ್ಲ."

ಮಹದೇವಯ್ಯ ತನ್ನ ಹಿಡಿತ ಬಿಟ್ಟ. ತಾನು ಬಿಟ್ಟೆ ಎಂದು ಅವನಿಗೆ ಆಮೇಲೆ ಗೊತ್ತಾಯಿತು.

"ಹಾಗಾದರೆ ರುಜು ಹಾಕು" ಇನ್‌ಸ್ಪೆಕ್ಟರು ಲೇಖನಿ ಚಾಚಿದರು. "ಬರುತ್ತೆ ತಾನೇ?"

ಬರುತ್ತಿತ್ತು. ಮಗಳು ಶಾಲೆಯಿಂದ ಬಂದು ಸ್ಲೇಟಿನ ಮೇಲೆ ತಿದ್ದಿಸಿದ್ದಳು. ದ, ಸ, ಅದರ ಕೆಳಗೊಂದು ತ. ಹೆಸರು ಬರೆಯುವುದು ಕಲಿತ ದಿನ ಮಹಬೂಬ್ ಬೀ ಹೇಳಿದ್ದಳು: "ದಸ್ತಗೀರ್ ಅಂದರೆ ಏನು ಗೊತ್ತೇನ್ರೀ? ಬಿದ್ದವರ ಕೈ ಹಿಡಿಯೋನು ಅಂತ. ಠಾಣೆಯವರು ಅದನ್ನೇ ತಿರುಗಿಸಿ ಇಟ್ಕೊಂಡಿದ್ದಾರೆ."

ಲೇಖನಿ ಎದುರಿಗಿತ್ತು. ಹೆಬ್ಬೆಟ್ಟನ್ನು ಹಿಡಿದು ಒತ್ತಿಸಬಹುದು. ಅದಕ್ಕೆ ಮಹದೇವಯ್ಯ ಸಾಕು. ರುಜು ಹಾಗಲ್ಲ. ಅದನ್ನು ಅವನೇ ಹಾಕಬೇಕು. ಇಪ್ಪತ್ತೆರಡು ವರ್ಷದಲ್ಲಿ ಈ ಠಾಣೆಗೆ ಅವನಿಂದ ಬೇಕಾದದ್ದು, ಆದರೆ ಅವನು ಕೊಟ್ಟರೆ ಮಾತ್ರ ಸಿಗುವಂಥದ್ದು, ಇದೊಂದೇ.

"ಹಾಕಲ್ಲ ಸ್ವಾಮಿ."

"ಏನಂದೆ?"

"ಸುಸ್ತಾಗಿದೆ ಸ್ವಾಮಿ. ಹಾಕಲ್ಲ."

ಇನ್ನೊಂದು ಏಟು ಬಿತ್ತು. ಈ ಸಲ ಇನ್‌ಸ್ಪೆಕ್ಟರದೇ ಕೈ. ದಸ್ತಗೀರ್ ಬಿದ್ದ ಟೋಪಿಯನ್ನು ತಾನೇ ಎತ್ತಿಕೊಂಡ. ಕೆಂಪು ಪುಸ್ತಕ ತೆರೆಯಿತು. ಹೊಸ ಹಾಳೆ. "ದಸ್ತಗೀರ್, ಬೀಗ ರಿಪೇರಿ ಕಸುಬು. ಬೆರಳ ಗುರುತು ಉದ್ದೇಶಪೂರ್ವಕವಾಗಿ ನಾಶಪಡಿಸಿಕೊಂಡವನು. ಅಪಾಯಕಾರಿ." ಗಟ್ಟಿಯಾಗಿ ಓದುತ್ತಲೇ ಬರೆದು ಮುಗಿಸಿದರು.

"ಒಳಗೆ ಹಾಕ್ರೋ ಇವನ್ನ."

ಒಂದೇ ಲಾಕಪ್ಪು. ಹೆಂಗಸನ್ನು ಹೊರಗೆ ಕೂರಿಸಬೇಕಾಯಿತು. ಪೇದೆ ಹಗ್ಗ ಬಿಚ್ಚಿದ. ಚಿಕ್ಕಬೋರಮ್ಮ ಎದ್ದು ಬಂದಳು. ಬಾಗಿಲಲ್ಲಿ ಇಬ್ಬರೂ ಎದುರಾದರು. ಅವಳು ಅಭ್ಯಾಸದಂತೆ ಪಕ್ಕಕ್ಕೆ ಸರಿದು ದಾರಿ ಬಿಡಲು ಹೋದಳು. ಅವನು ನಿಂತು, "ನೀನು ಮೊದಲು ಬಾರಮ್ಮ" ಅಂದ. ಅವಳು ಒಂದು ಕಣ್ಣಿನಿಂದ ಅವನನ್ನು ನೋಡಿದಳು. ಮೊದಲು ದಾಟಿ ಹೊರಗೆ ಬಂದಳು.

"ತಡಿ ತಡಿ" ಅಂದ ಮಹದೇವಯ್ಯ. ಅವನಿಗೆ ಬೆಳಗಿನ ಮಾತು ನೆನಪಾಗಿತ್ತು. "ಲೋ ದಸ್ತಗೀರ, ಆ ಬೀಗ. ಒಳೀಕ್ ಓಗಕ್ ಮುಂಚೆ ಅದೊಂಚೂರು ಸರಿ ಮಾಡ್ಬುಡು. ಅರ ತಂದಿದ್ದೀಯಲ್ಲ."

ತಮಾಷೆಗೆ ಹೇಳಿದ್ದಲ್ಲ. ಇಪ್ಪತ್ತು ವರ್ಷದ ರೂಢಿ. ಬೀಗ ಕೆಟ್ಟರೆ ದಸ್ತಗೀರ. ಅವನನ್ನೇ ಒಳಗೆ ಹಾಕುವ ಬೀಗವಾದರೂ ದಸ್ತಗೀರ.

ದಸ್ತಗೀರ್ ಬೀಗದ ಕಡೆ ನೋಡಿದ. ನೋಡಿದ ಕೂಡಲೇ ಕಾಯಿಲೆ ತಿಳಿಯಿತು. ಸ್ಪ್ರಿಂಗು ಮುರಿದಿಲ್ಲ, ಜಾರಿದೆ. ಇಕ್ಕಳದಿಂದ ಎತ್ತಿ ಕೂರಿಸಿ, ನಾಲಗೆಯ ಅಂಚಿಗೆ ನಾಲ್ಕು ಸಲ ಅರ ಆಡಿಸಿದರೆ ಆಯಿತು. ಬೀಡಿ ಸೇದುವಷ್ಟು ಹೊತ್ತೂ ಬೇಡ. ಬಲಗೈ ತಾನಾಗಿ ಚೀಲದ ಕಡೆ ಹೊರಟಿತ್ತು. ಕೈಗೆ ಇನ್ನೂ ಸುದ್ದಿ ಮುಟ್ಟಿರಲಿಲ್ಲ.

ಅವನು ಕೈಯನ್ನು ಹಿಂದಕ್ಕೆ ತೆಗೆದುಕೊಂಡ.

"ಇಲ್ಲ ದಫೇದಾರ್ರೇ."

"ಇಲ್ಲ ಅಂದ್ರೆ?"

"ಮಾಡಲ್ಲ. ಇವತ್ತೂ ಮಾಡಲ್ಲ, ಇನ್ಮೇಲೂ ಮಾಡಲ್ಲ. ನನ್ನನ್ನ ಕೂಡಿಹಾಕೋದು ನಿಮ್ಮ ಕೆಲಸ. ನೀವೇ ಮಾಡ್ಕೊಳಿ."

ಅಷ್ಟು ಹೇಳಿ ಒಳಗೆ ನಡೆದ. ಯಾರೂ ತಳ್ಳಲಿಲ್ಲ. ಬಾಗಿಲನ್ನು ತಾನೇ ಎಳೆದುಕೊಂಡ. ಅದು ಕೂರದೆ ಮತ್ತೆ ತೆರೆದುಕೊಂಡಿತು. ಪೇದೆ ಹಗ್ಗ ಹುಡುಕತೊಡಗಿದ.

ಹೊರಗೆ ನೆಲದ ಮೇಲೆ ಕೂತಿದ್ದ ಚಿಕ್ಕಬೋರಮ್ಮ ಗಂಟಲು ಸರಿಮಾಡಿಕೊಂಡಳು. "ಲಂಡನ್ನಿನಲ್ಲೀ..." ಅಂದಳು. ಮುಂದಿನದನ್ನು ಹೇಳಲಾಗದೆ ಸೆರಗಿನಲ್ಲಿ ಮುಖ ಮುಚ್ಚಿಕೊಂಡಳು.

*

ಮೂರು ದಿನ ಇಟ್ಟು ದಸ್ತಗೀರನನ್ನು ಬಿಟ್ಟರು. ಅವನ ಮೇಲೆ ಮೊಕದ್ದಮೆ ಹೂಡಿದರೆ ಕೋರ್ಟಿನಲ್ಲಿ ಬಾಯಿ ಬಿಡುತ್ತಾನೆ, ಸಂಪತ್ ಕುಮಾರನ ಹೆಸರು ಬರುತ್ತದೆ ಎಂದು ಶ್ಯಾಮಣ್ಣನವರಿಗೆ ಹೊಳೆದಿತ್ತು. ಚಿಕ್ಕಬೋರಮ್ಮನನ್ನು ಇಪ್ಪತ್ತಾರು ದಿನ ಇಟ್ಟುಕೊಂಡರು. ಬೀಗದಕೈ ಅವಳಿಗೆ ಹೇಗೆ ಬಂತು ಎಂದು ಹೇಳುವ ರುಜು ಎಲ್ಲಿ ಎಂದು ಮ್ಯಾಜಿಸ್ಟ್ರೇಟರು ಎರಡು ಸಲ ಕೇಳಿ, ಮೂರನೇ ಸಲ ಫೈಲು ಮುಚ್ಚಿದರು. ಅವಳು ನಿರ್ದೋಷಿ ಎಂದು ಯಾರೂ ಹೇಳಲಿಲ್ಲ. ಹೋಗು ಅಂದರು. ಒಡ್ಯಾಣ ಸಿಗಲಿಲ್ಲ. ಸಂಪತ್ ಕುಮಾರ ಮೈಸೂರಿನಿಂದ ಹಬ್ಬಕ್ಕೂ ಬರುವುದನ್ನು ಬಿಟ್ಟ.

ಆಮೇಲಿನ ವಾರವೇ ಪಂಕಜಮ್ಮ ಚಿಕ್ಕಬೋರಮ್ಮನಿಗೆ ಹೇಳಿಕಳಿಸಿದರಂತೆ. ಮೋರಿ ಕಟ್ಟಿಕೊಂಡಿದೆ, ಹಿತ್ತಲಲ್ಲಿ ಕಾಲಿಡುವ ಹಾಗಿಲ್ಲ, ಬೇರೆ ಯಾರೂ ಬರಲೊಲ್ಲರು, ಬಂದು ಬಳಿದು ಹೋಗು ಎಂದು. ಕಳ್ಳಿ ಅಂದ ಬಾಯಿಂದಲೇ. ಚಿಕ್ಕಬೋರಮ್ಮ ಓಣಿಯ ತುದಿಯಲ್ಲಿ ನಿಂತು, ಇಡೀ ಬೀದಿಗೆ ಕೇಳುವ ಹಾಗೆ ಉತ್ತರ ಕೊಟ್ಟಳು: "ಮನೆ ಸುದ್ಧಿ ಮಾಡ್ಕಂಡವ್ರೆ ಅಲ್ವಾ? ಹಿತ್ಲನ್ನೂ ಅವ್ರೇ ಮಾಡ್ಕಳ್ಳಿ." ಈಗ ಅವಳು ಕಬ್ಬಿನ ಗದ್ದೆಗೆ ಸೋಗೆ ಸುಲಿಯಲು ಹೋಗುತ್ತಾಳೆ. ಕೈ ಕೊಯ್ಯುತ್ತದೆ. ಬೈಯುತ್ತಾಳೆ, ಹೋಗುತ್ತಾಳೆ.

ದಸ್ತಗೀರನ ಗೋಣಿತಾಟಿಗೆ ಈಗ ಬೀಗ ಬರುವುದು ಕಡಿಮೆ. ಬಂದರೆ ಸೋರುವ ಚೊಂಬು, ಕಾಲು ಮುರಿದ ಒಲೆ. ಶಮೀಮ್ ಬಾನುವಿಗೆ ಮಳವಳ್ಳಿಯಿಂದ ಬಂದಿದ್ದ ಸಂಬಂಧ ಸುದ್ದಿ ಕೇಳಿ ಹಿಂದೆ ಹೋಯಿತು. ಮಹಬೂಬ್ ಬೀ ರೊಟ್ಟಿ ಮಾತ್ರ ಮೊದಲಿನಂತೆ ಹೊತ್ತಿಗೆ ಮುಂಚೆಯೇ ಸುಟ್ಟಿಡುತ್ತಾಳೆ.

ದಿನಾ ಸಂಜೆ ಐದಕ್ಕೆ ಅವನು ಅಂಗಡಿ ಎತ್ತಿಟ್ಟು ಠಾಣೆಗೆ ನಡೆಯುತ್ತಾನೆ. ಕೆಂಪು ಪುಸ್ತಕದಲ್ಲಿ ತನ್ನ ಹೆಸರು ಬರೆಯುತ್ತಾನೆ. ದ, ಸ, ಅದರ ಕೆಳಗೊಂದು ತ. ಅಕ್ಷರ ಈಗ ದುಂಡಗೆ ಬರುತ್ತದೆ. ಪಕ್ಕದಲ್ಲೇ ಲಾಕಪ್ಪು. ಬಾಗಿಲಿಗೆ ಹಗ್ಗ. ಮೈಸೂರಿನಿಂದ ಬೀಗದವನನ್ನು ಕರೆಸಲು ಕಾಗದ ಹೋಗಿದೆಯಂತೆ, ಮಂಜೂರಾತಿ ಬಂದಿಲ್ಲ. ಒಳಗೆ ಯಾರಾದರೂ ಇದ್ದರೆ ಮಹದೇವಯ್ಯ ಸ್ಟೂಲು ಹಾಕಿಕೊಂಡು, ಹಗ್ಗದ ತುದಿಯನ್ನು ಕೈಗೆ ಸುತ್ತಿಕೊಂಡು ಕೂತಿರುತ್ತಾನೆ. ತೂಕಡಿಸುವಂತಿಲ್ಲ. ತೂಕಡಿಸಿದರೆ ಬಾಗಿಲು ತೆರೆದುಕೊಳ್ಳುತ್ತದೆ.

"ಅರ ತಂದಿದ್ದೀಯೇನ್ಲಾ?" ಎಂದು ದಿನಾ ಕೇಳುತ್ತಾನೆ.

ದಸ್ತಗೀರನ ಕಣ್ಣು ಆ ಬೀಗದ ಕಡೆ ಹೋಗುತ್ತದೆ. ಜಾರಿದ ಸ್ಪ್ರಿಂಗು ಅಲ್ಲೇ, ಕೈಗೆಟುಕುವ ಹಾಗೆ ಕಾಣುತ್ತದೆ. ಬೆರಳುಗಳು ಜುಮ್ಮೆನ್ನುತ್ತವೆ. ಅವನು ಎರಡೂ ಕೈಗಳನ್ನು ಅಂಗಿಯ ಜೇಬಿಗೆ ಇಳಿಸುತ್ತಾನೆ.

"ಇಲ್ಲ" ಅನ್ನುತ್ತಾನೆ. ಮನೆಗೆ ಹೋಗುತ್ತಾನೆ.